ಮಗಳು ಬ್ಯಾಸ್ಕೆಟ್‌ಬಾಲ್ ಕೋಚ್ ಆಗುತ್ತಾಳಂತೆ, ಇದರಲ್ಲಿ ಬದುಕಿದೆಯೇ?

ಪ್ರಶ್ನೆ: ನಾವು ಇಪ್ಪತ್ತೈದು ವರ್ಷಗಳಿಂದ ಅಮೆರಿಕದ ನಾರ್ತ್ ಕೆರೊಲಿನಾದಲ್ಲಿದ್ದೇವೆ. ಇಲ್ಲೇ ಹುಟ್ಟಿ ಬೆಳೆದ ಮಗಳು ಒಂದು ಸಣ್ಣ ಕಾಲೇಜಿನ ಬ್ಯಾಸ್ಕೆಟ್‌ಬಾಲ್ ತಂಡದಲ್ಲಿ ನಾಲ್ಕು ವರ್ಷ ಆಡಿದ್ದಾಳೆ. ಮೇ ತಿಂಗಳಿಗೆ ಮನಶ್ಶಾಸ್ತ್ರದ ಪದವಿ ಮುಗಿಯುತ್ತದೆ. ಮುಂದೆ ಓದಿ ಆಪ್ತಸಮಾಲೋಚಕಿಯಾಗುತ್ತಾಳೆ ಎಂದುಕೊಂಡಿದ್ದೆವು. ಈಗ ಕಾಲೇಜು ಹೆಣ್ಣುಮಕ್ಕಳ ತಂಡಕ್ಕೆ ಕೋಚ್ ಆಗುತ್ತೇನೆ ಎಂದು ಹಟ ಹಿಡಿದಿದ್ದಾಳೆ. ಮಾತೆತ್ತಿದರೆ ಪ್ಯಾಟ್ ಸಮಿಟ್ ಎಂಬವರ ಹೆಸರು ಹೇಳುತ್ತಾಳೆ. ಇದರಲ್ಲಿ ಸಂಬಳ, ಭದ್ರತೆ, ಮದುವೆ, ಮಕ್ಕಳು ಎಲ್ಲ ಸಾಧ್ಯವೇ? ಮೈಸೂರಿನಲ್ಲಿರುವ ನಮ್ಮ ಅತ್ತೆಯವರು 'ಡ್ರಿಲ್ ಮೇಷ್ಟ್ರ ಕೆಲಸಕ್ಕೆ ಅಮೆರಿಕವೇ ಬೇಕಿತ್ತೇ?' ಎಂದು ಕೇಳುತ್ತಾರೆ. ಅವರಿಗೇನು ಹೇಳಲಿ?

ಉತ್ತರ: ನಿಮ್ಮ ಅತ್ತೆಯವರ ಪ್ರಶ್ನೆಯನ್ನೇ ಮೊದಲು ತೆಗೆದುಕೊಳ್ಳುತ್ತೇನೆ, ಏಕೆಂದರೆ ಅದು ಅನ್ಯಾಯದ ಪ್ರಶ್ನೆಯಲ್ಲ. ಅವರು ಕಂಡಿರುವುದು ನಮ್ಮ ಪದವಿ ಕಾಲೇಜುಗಳ ದೈಹಿಕ ಶಿಕ್ಷಣ ನಿರ್ದೇಶಕರನ್ನು. ಕಬಡ್ಡಿ, ವಾಲಿಬಾಲ್, ಖೋ ಖೋ, ಅಥ್ಲೆಟಿಕ್ಸ್, ಸ್ವಾತಂತ್ರ್ಯ ದಿನದ ಪಥಸಂಚಲನ, ವಾರ್ಷಿಕ ಕ್ರೀಡಾಕೂಟ ಎಲ್ಲವೂ ಒಬ್ಬರದೇ ಹೆಗಲ ಮೇಲೆ. ಅಮೆರಿಕದ ಕಾಲೇಜು ಕೋಚ್‌ಗೆ ಇರುವುದು ಒಂದೇ ಆಟ, ಒಂದೇ ತಂಡ. ಅಲ್ಲಿನ ಕಾಲೇಜು ಕ್ರೀಡೆಯನ್ನು ನಡೆಸುವ ಎನ್‌ಸಿಎಎ ಸಂಸ್ಥೆಯ ಮೊದಲ ದರ್ಜೆಯಲ್ಲೇ 350ಕ್ಕೂ ಹೆಚ್ಚು ಮಹಿಳಾ ಬ್ಯಾಸ್ಕೆಟ್‌ಬಾಲ್ ತಂಡಗಳಿವೆ. ಎರಡನೆಯ, ಮೂರನೆಯ ದರ್ಜೆಗಳಲ್ಲಿ ಇನ್ನೂ ನೂರಾರು ಇವೆ. ಮೊದಲ ದರ್ಜೆಯ ತಂಡವೊಂದು 2023ರಿಂದ ಮುಖ್ಯ ಕೋಚ್ ಅಲ್ಲದೆ ಐವರು ಸಹಾಯಕ ಕೋಚ್‌ಗಳನ್ನು ಇಟ್ಟುಕೊಳ್ಳಬಹುದು. ಆದ್ದರಿಂದ ಸಾವಿರಾರು ಜನ ಇದನ್ನೇ ಜೀವನೋಪಾಯ ಮಾಡಿಕೊಂಡಿದ್ದಾರೆ. ಇದು ವೃತ್ತಿಯೇ, ಅದರಲ್ಲಿ ಸಂದೇಹ ಬೇಡ. ಆದರೆ ಸುಲಭದ ವೃತ್ತಿಯಲ್ಲ. ನೀವು ಕೇಳಿದ ಭದ್ರತೆ ಇದರಲ್ಲಿ ಇಲ್ಲವೇ ಇಲ್ಲ ಎಂಬುದನ್ನೂ ಮೊದಲೇ ಹೇಳಿಬಿಡುತ್ತೇನೆ.

ನಿಮ್ಮ ಮಗಳು ಹೇಳುವ ಪ್ಯಾಟ್ ಸಮಿಟ್ ಟೆನ್ನೆಸ್ಸೀ ವಿಶ್ವವಿದ್ಯಾಲಯದ ಮಹಿಳಾ ಬ್ಯಾಸ್ಕೆಟ್‌ಬಾಲ್ ತಂಡದ ಕೋಚ್ ಆಗಿದ್ದವರು. ಅವರ ಕಥೆ ನಿಮಗೆ ಗೊತ್ತಿರಬೇಕು. ಅದು ಗೊತ್ತಾದರೆ ಮಗಳು ಏನನ್ನು ಕಂಡು ಮರುಳಾಗಿದ್ದಾಳೆ ಎಂಬುದು ತಿಳಿಯುತ್ತದೆ, ಅದರಲ್ಲಿ ಯಾವುದು ಇಂದಿಗೂ ಸಾಧ್ಯ, ಯಾವುದು ಸಾಧ್ಯವಿಲ್ಲ ಎಂಬುದೂ ತಿಳಿಯುತ್ತದೆ.

ಸಮಿಟ್ ಹುಟ್ಟಿದ್ದು 1952ರಲ್ಲಿ, ಟೆನ್ನೆಸ್ಸೀ ರಾಜ್ಯದ ಒಂದು ಕೃಷಿ ಕುಟುಂಬದಲ್ಲಿ. ತಂಬಾಕು, ಹುಲ್ಲು, ಹೈನು ಇದ್ದ ಮನೆ. ಮೂವರು ಅಣ್ಣಂದಿರು. ಹಗಲೆಲ್ಲ ಹೊಲದ ಕೆಲಸ ಮುಗಿಸಿ ರಾತ್ರಿ ಕೊಟ್ಟಿಗೆಯ ಹುಲ್ಲಿನ ಅಟ್ಟದಲ್ಲಿ ಕಟ್ಟಿದ್ದ ಬುಟ್ಟಿಗೆ ಚೆಂಡು ಹಾಕುತ್ತ ಆ ಅಣ್ಣಂದಿರ ಜೊತೆ ಗುದ್ದಾಡಿ ಕಲಿತ ಆಟ ಅದು. ಆ ಊರಿನ ಪ್ರೌಢಶಾಲೆಯಲ್ಲಿ ಹುಡುಗಿಯರ ತಂಡವಿರಲಿಲ್ಲ. ಮಗಳು ಆಡಲೆಂದು ತಂದೆ ಇಡೀ ಸಂಸಾರವನ್ನು ಪಕ್ಕದ ಜಿಲ್ಲೆಗೆ ಸಾಗಿಸಿದರು. ಅಷ್ಟಾದರೂ ಕಾಲೇಜಿಗೆ ಹೋಗುವಾಗ ಅಣ್ಣಂದಿರಿಗೆ ಕ್ರೀಡಾ ವಿದ್ಯಾರ್ಥಿವೇತನ ಸಿಕ್ಕಿತು, ತಂಗಿಯ ಶುಲ್ಕವನ್ನು ಅಪ್ಪ ಅಮ್ಮನೇ ಕಟ್ಟಬೇಕಾಯಿತು. ಹುಡುಗಿಯರಿಗೆ ಅಂಥ ವೇತನವೆಂಬುದೇ ಆಗ ಇರಲಿಲ್ಲ.

1974ರಲ್ಲಿ ಅವರು ಟೆನ್ನೆಸ್ಸೀ ವಿಶ್ವವಿದ್ಯಾಲಯಕ್ಕೆ ಬಂದದ್ದು ಸ್ನಾತಕೋತ್ತರ ಓದಲು, ಜೊತೆಗೆ ಮಹಿಳಾ ತಂಡದ ಕೋಚ್‌ಗೆ ನೆರವಾಗಲು. ಅಷ್ಟರಲ್ಲಿ ಆ ಕೋಚ್ ರಜೆಯ ಮೇಲೆ ಹೋದರು. ಇಪ್ಪತ್ತೆರಡರ ಹುಡುಗಿ ಮುಖ್ಯ ಕೋಚ್ ಆಗಿಬಿಟ್ಟಳು. ತಿಂಗಳಿಗೆ 250 ಡಾಲರ್. ವ್ಯಾನ್ ಓಡಿಸುವುದು ಅವರೇ, ಆಟಗಾರ್ತಿಯರ ಸಮವಸ್ತ್ರ ಒಗೆಯುವುದೂ ಅವರೇ. ಆ ಸಮವಸ್ತ್ರಕ್ಕೆ ಹಣ ಬಂದದ್ದು ಡೋನಟ್ ಮಾರಿ. ಹೊರ ಊರಿಗೆ ಹೋದಾಗ ಹೋಟೆಲಿಗೆ ಹಣವಿಲ್ಲದೆ ಎದುರಾಳಿಗಳ ಜಿಮ್‌ನ ಚಾಪೆಗಳ ಮೇಲೆ ಮಲಗಿದ್ದೂ ಉಂಟು. ತಂಡದಲ್ಲಿ ಕೆಲವರು ಅವರಿಗಿಂತ ಒಂದೇ ವರ್ಷ ಚಿಕ್ಕವರು. ಇದರ ನಡುವೆ ತಮ್ಮ ಓದು, ತರಗತಿಗಳಲ್ಲಿ ಪಾಠ, ಪೆಟ್ಟಾಗಿದ್ದ ಮಂಡಿಯ ಚಿಕಿತ್ಸೆ. 1976ರ ಮಾಂಟ್ರಿಯಲ್ ಒಲಿಂಪಿಕ್ಸ್‌ನಲ್ಲಿ ಆಡುವ ಗುರಿ ಇತ್ತು, ಆಡಿದರು ಕೂಡ, ಬೆಳ್ಳಿ ಗೆದ್ದ ತಂಡದ ಸಹನಾಯಕಿಯಾಗಿ. ಕೋಚ್ ಆಗಿ ಮೊದಲ ಪಂದ್ಯದಲ್ಲಿ ಮರ್ಸರ್ ತಂಡದೆದುರು 84-83ರಲ್ಲಿ ಸೋಲು. ಒಂದೇ ಒಂದು ಅಂಕದ ಸೋಲು.

ನಿಮ್ಮ ಅತ್ತೆಯವರಿಗೆ ಇದನ್ನು ಓದಿ ಹೇಳಿ. ಅವರು ಊಹಿಸಿಕೊಂಡ ಕೆಲಸವನ್ನೇ ಸಮಿಟ್ 1974ರಲ್ಲಿ ಮಾಡುತ್ತಿದ್ದದ್ದು.

ಅಲ್ಲಿಂದ ಮುಂದಿನದನ್ನು ಬೇಗ ಹೇಳಿ ಮುಗಿಸುತ್ತೇನೆ, ಗೆಲುವಿನ ಪಟ್ಟಿ ಮಗಳಿಗೆ ಬಾಯಿಪಾಠವಿರುತ್ತದೆ. ಒಂದೇ ವಿಶ್ವವಿದ್ಯಾಲಯದಲ್ಲಿ 38 ವರ್ಷ, 1098 ಗೆಲುವು, 208 ಸೋಲು. 1987ರಿಂದ 2008ರವರೆಗೆ ಎನ್‌ಸಿಎಎ ಟೂರ್ನಿಯಲ್ಲಿ ಎಂಟು ರಾಷ್ಟ್ರೀಯ ಪ್ರಶಸ್ತಿ. 1984ರ ಲಾಸ್ ಏಂಜಲೀಸ್ ಒಲಿಂಪಿಕ್ಸ್‌ನಲ್ಲಿ ಚಿನ್ನ ಗೆದ್ದ ತಂಡಕ್ಕೂ ಅವರೇ ಕೋಚ್. ನನಗೆ ಇವೆಲ್ಲಕ್ಕಿಂತ ಹೆಚ್ಚು ಬೆರಗು ಹುಟ್ಟಿಸುವುದು 1996-97ರ ಋತು. ಆ ವರ್ಷ ಹತ್ತು ಪಂದ್ಯ ಸೋತ ತಂಡ ಕೊನೆಗೆ ಪ್ರಶಸ್ತಿ ಗೆದ್ದಿತು. ಮರುವರ್ಷ ಒಂದನ್ನೂ ಸೋಲದೆ 39 ಪಂದ್ಯ ಗೆದ್ದಿತು. ಎರಡನೆಯದನ್ನು ಜಗತ್ತು ಕೊಂಡಾಡುತ್ತದೆ. ಆದರೆ ಸೋಲುತ್ತಿರುವ ತಂಡವನ್ನು ಜನವರಿಯಲ್ಲಿ ಕೈಬಿಡದೆ, ಟೂರ್ನಿ ನಡೆಯುವ ಮಾರ್ಚ್‌ವರೆಗೆ ಎಳೆದು ತರುವುದೇ ಕೋಚ್‌ನ ನಿಜವಾದ ಕಸುಬು.

ಇನ್ನೊಂದು ಸಂಗತಿ ತಾಯಿಯಾದ ನಿಮಗೆ ಮುಖ್ಯ. ಸಮಿಟ್ ಕೈಕೆಳಗೆ ಪೂರ್ತಿ ಅವಧಿ ಆಡಿದ ಪ್ರತಿಯೊಬ್ಬ ಹುಡುಗಿಯೂ ಪದವಿ ಪಡೆದಿದ್ದಾಳೆ. ಒಬ್ಬಳೂ ಇದಕ್ಕೆ ಹೊರತಲ್ಲ. ತರಗತಿಯಲ್ಲಿ ಮೊದಲ ಮೂರು ಸಾಲುಗಳಲ್ಲೇ ಕೂರಬೇಕೆಂಬುದು ಅವರ ಕಟ್ಟಪ್ಪಣೆ, ತರಗತಿ ತಪ್ಪಿಸುವ ಮಾತೇ ಇರಲಿಲ್ಲ. ಅವರ ಗದರಿಕೆ, ಆ ಉರಿನೋಟ, ಶಿಕ್ಷೆಯ ಓಟ ಇವೆಲ್ಲ ದಂತಕಥೆಗಳಾಗಿವೆ. ಅವುಗಳಲ್ಲಿ ಕೆಲವನ್ನು ಇಂದು ಯಾರಾದರೂ ಅನುಕರಿಸಿದರೆ ಕೆಲಸ ಹೋಗುತ್ತದೆ, ಹೋಗಲೂಬೇಕು. ಆದರೆ ಬೈದವರೇ ಹುಡುಗಿಯ ಓದು ಮುಗಿಯುವ ತನಕ ಬೆನ್ನು ಬಿಡದಿದ್ದದ್ದನ್ನು ಆ ಹುಡುಗಿಯರು ಮರೆತಿಲ್ಲ.

ಇಷ್ಟೆಲ್ಲ ಒಬ್ಬರ ಛಲದಿಂದಲೇ ಆಯಿತೆಂದು ನಂಬಿದರೆ ನಿಮ್ಮ ಮಗಳು ಮೋಸಹೋಗುತ್ತಾಳೆ. ಸಮಿಟ್ ಕೆಲಸಕ್ಕೆ ಸೇರುವ ಎರಡು ವರ್ಷ ಮೊದಲು, 1972ರ ಜೂನ್‌ನಲ್ಲಿ, ಟೈಟಲ್ ನೈನ್ ಎಂಬ ಕಾನೂನು ಬಂದಿತ್ತು. ಸರಕಾರದ ಹಣ ಪಡೆಯುವ ಯಾವ ಶಿಕ್ಷಣ ಸಂಸ್ಥೆಯೂ ಹೆಣ್ಣು ಗಂಡೆಂಬ ಭೇದ ಮಾಡಕೂಡದು ಎಂಬುದು ಅದರ ಸಾರ. ಅದರ ಬಲದಿಂದ ನಿಧಾನವಾಗಿ ಹುಡುಗಿಯರಿಗೆ ವಿದ್ಯಾರ್ಥಿವೇತನ, ಜಿಮ್, ಬಸ್ಸು, ವೈದ್ಯರು, ಪೂರ್ಣಾವಧಿ ಕೋಚ್‌ಗಳು ಬಂದರು. ಎನ್‌ಸಿಎಎ ತನ್ನ ಮೊದಲ ಮಹಿಳಾ ಟೂರ್ನಿ ನಡೆಸಿದ್ದು 1982ರಲ್ಲಿ. ಟೆನ್ನೆಸ್ಸೀಯ ಪ್ರೌಢಶಾಲೆಗಳಲ್ಲಿ 1970ರ ದಶಕದಲ್ಲೂ ಹುಡುಗಿಯರು ಆಡುತ್ತಿದ್ದದ್ದು ಆರು ಜನರ ಬ್ಯಾಸ್ಕೆಟ್‌ಬಾಲ್: ಮೂವರು ದಾಳಿಗೆ, ಮೂವರು ರಕ್ಷಣೆಗೆ, ಅಂಕಣದ ನಡುಗೆರೆ ದಾಟುವಂತಿಲ್ಲ. ಪೂರ್ತಿ ಅಂಕಣ ಓಡಿದರೆ ಹುಡುಗಿಯರ ಮೈಗೆ ತಡೆಯದು ಎಂಬ ಹಳೆಯ ನಂಬಿಕೆ ಅದರ ಹಿಂದಿತ್ತು. ಹಾಗೆ ಅರ್ಧ ಆಟ ಕಲಿತ ಹುಡುಗಿಯರನ್ನು ನನ್ನ ತಂಡಕ್ಕೆ ತೆಗೆದುಕೊಳ್ಳುವುದಿಲ್ಲ ಎಂದು ಸಮಿಟ್ ತಮ್ಮ ರಾಜ್ಯದವರಿಗೇ ಹೇಳಿದರು. 1979ರಲ್ಲಿ ರಾಜ್ಯ ನಿಯಮ ಬದಲಿಸಿತು.

ಕಾನೂನಿನ ಇನ್ನೊಂದು ಮುಖವೂ ಇದೆ. 1972ರಲ್ಲಿ ಹುಡುಗಿಯರ ಕಾಲೇಜು ತಂಡಗಳ ಕೋಚ್‌ಗಳಲ್ಲಿ ನೂರಕ್ಕೆ ತೊಂಬತ್ತಕ್ಕೂ ಹೆಚ್ಚು ಮಂದಿ ಹೆಂಗಸರೇ ಆಗಿದ್ದರು. ಸಂಬಳವೇ ಇಲ್ಲದ ಕೆಲಸಕ್ಕೆ ಗಂಡಸರು ಬರುತ್ತಿರಲಿಲ್ಲ. ಸಂಬಳ ಬಂತು, ಗಂಡಸರೂ ಬಂದರು. ಇಂದು ಎಲ್ಲ ಆಟಗಳನ್ನೂ ಸೇರಿಸಿದರೆ ಹೆಂಗಸರ ಪಾಲು ಅರ್ಧಕ್ಕಿಂತ ಕಡಿಮೆ. ಬ್ಯಾಸ್ಕೆಟ್‌ಬಾಲ್‌ನಲ್ಲಿ ಸ್ಥಿತಿ ಉಳಿದ ಆಟಗಳಿಗಿಂತ ಮೇಲು, ಆದರೂ ನಿಮ್ಮ ಮಗಳು ಹೆಣ್ಣುಮಕ್ಕಳ ತಂಡದ ಕೆಲಸಕ್ಕೆ ಗಂಡಸರೊಡನೆ ಸ್ಪರ್ಧಿಸಬೇಕಾಗುತ್ತದೆ. ಇದಕ್ಕೆ ಪ್ರತಿಯಾಗಿ ಪುರುಷರ ತಂಡಗಳ ಬಾಗಿಲು ಹೆಂಗಸರಿಗೆ ಹೆಚ್ಚುಕಡಿಮೆ ಮುಚ್ಚಿಯೇ ಇದೆ. ಟೆನ್ನೆಸ್ಸೀ ತನ್ನ ಪುರುಷರ ತಂಡ ನಡೆಸುವಿರಾ ಎಂದು ಸಮಿಟ್ ಅವರನ್ನು ಕೇಳಿದ್ದುಂಟು. ಅದನ್ನು ಬಡ್ತಿ ಎಂದು ಅವರು ಎಣಿಸಲೇ ಇಲ್ಲ, ನಿರಾಕರಿಸಿದರು.

ಇಪ್ಪತ್ತೆರಡಕ್ಕೆ ಮುಖ್ಯ ಕೋಚ್ ಆಗುವುದು ಇನ್ನು ಯಾರಿಗೂ ಸಾಧ್ಯವಿಲ್ಲ. ಈಗಿನ ದಾರಿ ಸಾಮಾನ್ಯವಾಗಿ ಗ್ರಾಜುಯೇಟ್ ಅಸಿಸ್ಟೆಂಟ್ ಹುದ್ದೆಯಿಂದ ಶುರುವಾಗುತ್ತದೆ. ಸ್ನಾತಕೋತ್ತರ ಶುಲ್ಕವನ್ನು ಕಾಲೇಜು ನೋಡಿಕೊಳ್ಳುತ್ತದೆ, ಕೈಖರ್ಚಿಗೆ ಅಲ್ಪ ಭತ್ಯೆ ಕೊಡುತ್ತದೆ, ಪ್ರತಿಯಾಗಿ ತಂಡದ ಎಲ್ಲ ಚಿಲ್ಲರೆ ಕೆಲಸವನ್ನು ಮಾಡಿಸಿಕೊಳ್ಳುತ್ತದೆ. ಬೆಳಗ್ಗೆ ಆರಕ್ಕೆ ಬರುವ ಆಟಗಾರ್ತಿಗೆ ಚೆಂಡು ಹೆಕ್ಕಿ ಕೊಡುವುದು, ಎದುರಾಳಿ ತಂಡದ ಪಂದ್ಯಗಳ ವಿಡಿಯೊ ತುಂಡರಿಸಿ ಯಾರು ಎಡಗೈಯಿಂದ ನುಗ್ಗುತ್ತಾರೆ, ಯಾರು ಸುಸ್ತಾದಾಗ ರಕ್ಷಣೆ ಬಿಡುತ್ತಾರೆ ಎಂದು ಟಿಪ್ಪಣಿ ಮಾಡುವುದು, ಬಸ್ಸು, ಊಟ, ಕೋಣೆ ಗೊತ್ತುಮಾಡುವುದು. ಆಮೇಲೆ ವಿಡಿಯೊ ಸಂಯೋಜಕಿ ಅಥವಾ ತಂಡದ ವ್ಯವಸ್ಥಾಪಕಿ, ಆಮೇಲೆ ಸಹಾಯಕ ಕೋಚ್. ಈ ಮೆಟ್ಟಿಲುಗಳನ್ನು ಹತ್ತುವಾಗ ಎರಡು ಮೂರು ವರ್ಷಕ್ಕೊಮ್ಮೆ ಊರು ಬದಲಾಗುವುದು ಮಾಮೂಲು. ಅಯೋವಾದಿಂದ ಅಲಬಾಮಕ್ಕೆ, ಅಲ್ಲಿಂದ ಮೊಂಟಾನಕ್ಕೆ. ಮುಖ್ಯ ಕೋಚ್ ಕುರ್ಚಿ ಸಿಗಲು ಹತ್ತು ವರ್ಷ ಹಿಡಿದರೆ ಅದನ್ನು ತಡವೆಂದು ಯಾರೂ ಅನ್ನುವುದಿಲ್ಲ.

ಅಡ್ಡದಾರಿಯೊಂದಿದೆ, ನಿಮ್ಮ ಮಗಳು ಅದನ್ನು ಗಂಭೀರವಾಗಿ ನೋಡಬೇಕು: ಸಣ್ಣ ಕಾಲೇಜಿನಲ್ಲಿ ಬೇಗ ಮುಖ್ಯ ಕೋಚ್ ಆಗಿ ಅಲ್ಲಿ ತನ್ನದೇ ಆಟವನ್ನು ರೂಪಿಸುವುದು. ಈಗ ಟೆನ್ನೆಸ್ಸೀಯಲ್ಲಿ ಸಮಿಟ್ ಕುರ್ಚಿಯಲ್ಲಿ ಕೂತಿರುವ ಕಿಮ್ ಕಾಲ್ಡ್‌ವೆಲ್ ಬಂದದ್ದು ಹಾಗೆಯೇ. ವೆಸ್ಟ್ ವರ್ಜೀನಿಯಾದ ಗ್ಲೆನ್‌ವಿಲ್ ಸ್ಟೇಟ್ ಎಂಬ ಎರಡನೆಯ ದರ್ಜೆಯ ಪುಟ್ಟ ಕಾಲೇಜಿನಲ್ಲಿ ತಾವೇ ಆಡಿದ್ದ ತಂಡಕ್ಕೆ 2016ರಲ್ಲಿ ಕೋಚ್ ಆದರು, 2022ರಲ್ಲಿ ಆ ದರ್ಜೆಯ ರಾಷ್ಟ್ರೀಯ ಪ್ರಶಸ್ತಿ ಗೆದ್ದರು. ಮಾರ್ಷಲ್ ವಿಶ್ವವಿದ್ಯಾಲಯದಲ್ಲಿ ಒಂದು ವರ್ಷ ಇದ್ದು 2024ರಲ್ಲಿ ಟೆನ್ನೆಸ್ಸೀಗೆ ಬಂದರು. ದೊಡ್ಡ ತಂಡಗಳಲ್ಲಿ ಸಹಾಯಕಿಯಾಗಿ ಕಾಯುವವರಿಗೆ ಸೋಲುವ ಹೊಣೆ ತಮ್ಮ ಮೇಲೆ ಬೀಳುವ ಅನುಭವವೇ ಆಗುವುದಿಲ್ಲ. ಸಣ್ಣ ಕಾಲೇಜಿನಲ್ಲಿ ಅದು ಮೊದಲ ತಿಂಗಳಲ್ಲೇ ಆಗುತ್ತದೆ.

ಕೋಚ್ ಎಂದರೆ ಅಂಕಣದ ಪಕ್ಕ ನಿಂತು ಕೂಗುವವರೆಂದು ಹೊರಗಿನವರಿಗೆ ಕಾಣುತ್ತದೆ. ಋತುವಿನಲ್ಲಿ ಆಟಗಾರ್ತಿಯರ ಕಡ್ಡಾಯ ಅಭ್ಯಾಸಕ್ಕೆ ನಿಯಮವೇ ಮಿತಿ ಹಾಕಿದೆ, ದಿನಕ್ಕೆ ನಾಲ್ಕು ಗಂಟೆ, ವಾರಕ್ಕೆ 20 ಗಂಟೆ. ಕೋಚ್ ಕೆಲಸಕ್ಕೆ ಮಿತಿಯಿಲ್ಲ. ಅದರ ಬಹುಪಾಲು ಆಟಗಾರ್ತಿಯರನ್ನು ಹುಡುಕಿ ಒಲಿಸುವುದರಲ್ಲಿ ಹೋಗುತ್ತದೆ. ಬೇಸಗೆಯಲ್ಲಿ ದೊಡ್ಡ ಸಭಾಂಗಣಗಳಲ್ಲಿ ಒಂದರ ಪಕ್ಕ ಒಂದು ಅಂಕಣ ಹಾಕಿ ಪ್ರೌಢಶಾಲಾ ಹುಡುಗಿಯರ ಟೂರ್ನಿಗಳು ನಡೆಯುತ್ತವೆ. ಬೆಳಗಿನಿಂದ ರಾತ್ರಿಯವರೆಗೆ ಅಲ್ಲಿ ಕೂತು ನೋಡಬೇಕು. ಆಮೇಲೆ ಫೋನು, ಪತ್ರ, ಮನೆಗೆ ಭೇಟಿ. ಹುಡುಗಿಯ ಅಜ್ಜಿಯ ಹೆಸರು, ತಮ್ಮನ ಶಾಲೆ, ಅಪ್ಪನ ಕೆಲಸ ಎಲ್ಲ ನೆನಪಿರಬೇಕು. 'ನಾಲ್ಕು ವರ್ಷ ನನ್ನ ಮಗಳನ್ನು ನಿಮ್ಮ ಕೈಗೆ ಕೊಡುತ್ತೇನೆ, ಏನು ಮಾಡುತ್ತೀರಿ?' ಎಂದು ತಾಯಿ ಕೇಳುತ್ತಾಳೆ. ಅದಕ್ಕೆ ಕಣ್ಣಿಗೆ ಕಣ್ಣಿಟ್ಟು ಉತ್ತರಿಸಬೇಕು. ಈ ಮಾತುಕತೆಯಲ್ಲಿ ಸಪ್ಪೆಯಾದವರು ಎಷ್ಟೇ ಆಟ ಬಲ್ಲವರಾದರೂ ಮುಖ್ಯ ಕೋಚ್ ಆಗಿ ನಿಲ್ಲುವುದಿಲ್ಲ. ಹುಡುಕಾಟ ಈಗ ದೇಶದ ಗಡಿ ದಾಟಿದೆ. ನಮ್ಮ ಬೆಂಗಳೂರಿನ ಸಂಜನಾ ರಮೇಶ್ ವಿದ್ಯಾರ್ಥಿವೇತನದ ಮೇಲೆ ನಾರ್ದರ್ನ್ ಅರಿಜೋನಾ ವಿಶ್ವವಿದ್ಯಾಲಯದ ತಂಡಕ್ಕೆ ಹೋಗಿ ಆಡಿದರು. ಕನ್ನಡ ಬಲ್ಲ, ಭಾರತೀಯ ಅಪ್ಪ ಅಮ್ಮಂದಿರ ಅಳುಕು ಏನೆಂದು ಬಲ್ಲ ಸಹಾಯಕ ಕೋಚ್ ಒಬ್ಬಳಿದ್ದರೆ ಅಂಥ ಮನೆಗಳ ಬಾಗಿಲು ಬೇಗ ತೆರೆಯುತ್ತದೆ. ಮಗಳು ಇದನ್ನು ತನ್ನ ಬಲವೆಂದೇ ತಿಳಿಯಲಿ.

ಕಳೆದ ಕೆಲವು ವರ್ಷಗಳಲ್ಲಿ ಈ ಹುಡುಕಾಟದ ಸ್ವರೂಪವೇ ಬದಲಾಗಿದೆ. ಕಾಲೇಜು ಬದಲಿಸಬಯಸುವ ಆಟಗಾರರು ಹೆಸರು ದಾಖಲಿಸುವ ಟ್ರಾನ್ಸ್‌ಫರ್ ಪೋರ್ಟಲ್ ಎಂಬ ವ್ಯವಸ್ಥೆ 2018ರಲ್ಲಿ ಬಂತು. ಆಮೇಲೆ ನಿಯಮ ಸಡಿಲವಾಗುತ್ತ ಹೋಗಿ, ಈಗ ಆಟಗಾರ್ತಿ ಒಂದು ವರ್ಷ ಹೊರಗೆ ಕೂರದೆಯೇ ಕಾಲೇಜು ಬದಲಿಸಬಹುದು. 2021ರ ಜುಲೈನಿಂದ ತನ್ನ ಹೆಸರು, ಚಿತ್ರ ಬಳಸಲು ಕಂಪನಿಗಳಿಂದ ಹಣ ಪಡೆಯಬಹುದು. 2025ರಲ್ಲಿ ನ್ಯಾಯಾಲಯದ ಒಪ್ಪಂದದಂತೆ ಕಾಲೇಜುಗಳೇ ಆಟಗಾರರಿಗೆ ನೇರವಾಗಿ ಹಣ ಹಂಚಲು ಶುರುಮಾಡಿವೆ, ಒಂದು ಸಂಸ್ಥೆಗೆ ಮೊದಲ ವರ್ಷ 2 ಕೋಟಿ 5 ಲಕ್ಷ ಡಾಲರ್‌ವರೆಗೆ. ಅದರ ಸಿಂಹಪಾಲು ಅಮೆರಿಕನ್ ಫುಟ್‌ಬಾಲ್‌ಗೆ, ಪುರುಷರ ಬ್ಯಾಸ್ಕೆಟ್‌ಬಾಲ್‌ಗೆ. ಹುಡುಗಿಯರು ಹಣ ಪಡೆಯುವುದನ್ನು ನಾನು ಪೂರ್ತಿ ಒಪ್ಪುತ್ತೇನೆ, ಇಷ್ಟು ಕಾಲ ಅವರ ದುಡಿಮೆಯಿಂದ ಉಳಿದವರೆಲ್ಲ ಬದುಕಿದರು. ಆದರೆ ಹದಿನೆಂಟಕ್ಕೆ ಬಂದವಳನ್ನು ಇಪ್ಪತ್ತೆರಡರವರೆಗೆ ಬೆಳೆಸುವ ಸಮಿಟ್ ಕಾಲದ ರೀತಿ ಈಗ ಕಷ್ಟ. ಪ್ರತಿ ಏಪ್ರಿಲ್‌ನಲ್ಲಿ ತನ್ನ ತಂಡದ ಹುಡುಗಿಯರನ್ನೇ ಇನ್ನೊಮ್ಮೆ ಒಲಿಸಬೇಕು. ನಿಮ್ಮ ಮಗಳ ಮನಶ್ಶಾಸ್ತ್ರದ ಓದು ವ್ಯರ್ಥವಾಗುತ್ತದೆ ಎಂದು ನೀವು ಕೊರಗುವುದಾದರೆ, ಅದು ದಿನಕ್ಕೆ ಹತ್ತು ಸಲ ಬೇಕಾಗುವ ಜಾಗ ಇದೇ.

ಮದುವೆ, ಮಕ್ಕಳ ವಿಷಯ. 1990ರ ಸೆಪ್ಟೆಂಬರ್‌ನಲ್ಲಿ ತುಂಬು ಗರ್ಭಿಣಿ ಸಮಿಟ್ ಮಿಶೆಲ್ ಮಾರ್ಸಿನಿಯಾಕ್ ಎಂಬ ಆಟಗಾರ್ತಿಯನ್ನು ಒಲಿಸಲು ಪೆನ್ಸಿಲ್ವೇನಿಯಾಕ್ಕೆ ವಿಮಾನದಲ್ಲಿ ಹೋದರು. ಅಲ್ಲೇ ಹೆರಿಗೆ ನೋವು ಶುರುವಾಯಿತು. ಮಾತು ಮುಗಿಸಿ ವಿಮಾನ ಹತ್ತಿದರು, ದಾರಿಯಲ್ಲಿ ಎಲ್ಲೂ ಇಳಿಸಕೂಡದು, ಮಗು ಟೆನ್ನೆಸ್ಸೀಯಲ್ಲೇ ಹುಟ್ಟಬೇಕು ಎಂದು ಪಟ್ಟು ಹಿಡಿದರು. ಮಗ ಟೈಲರ್ ಅಲ್ಲೇ ಹುಟ್ಟಿದ. ಆ ಹುಡುಗಿ ಮೊದಲು ಬೇರೆ ಕಾಲೇಜಿಗೆ ಹೋಗಿ, ಆಮೇಲೆ ಟೆನ್ನೆಸ್ಸೀಗೆ ಬಂದು 1996ರ ಪ್ರಶಸ್ತಿ ಗೆಲ್ಲಿಸಿದಳು. ಈ ಕಥೆಯನ್ನು ಎಲ್ಲರೂ ಚಪ್ಪಾಳೆ ತಟ್ಟುತ್ತ ಹೇಳುತ್ತಾರೆ. ನನಗೆ ಅದರಲ್ಲಿ ಆತಂಕವೂ ಕಾಣುತ್ತದೆ. ಹಾಗೆ ಮಾಡಲೇಬೇಕೆಂಬ ಒತ್ತಡ ಯಾವ ಹೆಣ್ಣಿನ ಮೇಲೂ ಬರಬಾರದು. 34 ವರ್ಷಗಳ ನಂತರ, 2025ರ ಜನವರಿಯಲ್ಲಿ, ಕಿಮ್ ಕಾಲ್ಡ್‌ವೆಲ್ ಋತುವಿನ ನಡುವೆಯೇ ಹೆತ್ತು ಒಂದು ವಾರದಲ್ಲಿ ಅಂಕಣಕ್ಕೆ ಮರಳಿದರು. ಅದು ಅವರ ಆಯ್ಕೆ, ಗೌರವಿಸುತ್ತೇನೆ. ಆದರೆ ನವೆಂಬರ್‌ನಿಂದ ಏಪ್ರಿಲ್‌ವರೆಗಿನ ಋತು ಯಾರ ಹೆರಿಗೆಗೂ ಕಾಯುವುದಿಲ್ಲ ಎಂಬುದೂ ಅದರಿಂದ ತಿಳಿಯುತ್ತದೆ.

ವಿವಿಯನ್ ಸ್ಟ್ರಿಂಗರ್ ಅವರ ಬದುಕನ್ನೂ ನೀವು ತಿಳಿಯಬೇಕು. ಪೆನ್ಸಿಲ್ವೇನಿಯಾದ ಚೇನಿ ಸ್ಟೇಟ್ ಎಂಬ ಕಪ್ಪು ಜನಾಂಗದವರ ಬಡ ಕಾಲೇಜಿನ ಕೋಚ್ ಅವರು. 1981ರಲ್ಲಿ ಹದಿನಾಲ್ಕು ತಿಂಗಳ ಮಗಳಿಗೆ ಮಿದುಳು ಪೊರೆಯ ಉರಿಯೂತ ಬಂದು, ಮಗು ನಡೆಯುವ, ಮಾತಾಡುವ ಶಕ್ತಿಯನ್ನೇ ಕಳೆದುಕೊಂಡಿತು. ಆಸ್ಪತ್ರೆಗೂ ಜಿಮ್‌ಗೂ ಓಡಾಡುತ್ತಲೇ 1982ರ ಮೊದಲ ಎನ್‌ಸಿಎಎ ಫೈನಲ್‌ಗೆ ತಂಡವನ್ನು ತಂದರು. ಮಗಳ ಚಿಕಿತ್ಸೆಗೆ ಅನುಕೂಲವಾದೀತೆಂದು ಅಯೋವಾಕ್ಕೆ ಹೋದರು. 1992ರ ನವೆಂಬರ್‌ನಲ್ಲಿ ಗಂಡ ಹೃದಯಾಘಾತದಿಂದ ತೀರಿಕೊಂಡರು, ಮೂವರು ಮಕ್ಕಳು. ಮರುವರ್ಷದ ವಸಂತದಲ್ಲಿ ಅಯೋವಾ ತಂಡ ಕೊನೆಯ ನಾಲ್ಕರ ಹಂತದಲ್ಲಿತ್ತು. ಆಮೇಲೆ ರಟ್ಗರ್ಸ್ ತಂಡವನ್ನೂ ಅಲ್ಲಿಗೆ ಮುಟ್ಟಿಸಿ, ಮೂರು ಬೇರೆ ಬೇರೆ ಸಂಸ್ಥೆಗಳನ್ನು ಆ ಹಂತಕ್ಕೆ ಒಯ್ದ ಮೊದಲಿಗರಾದರು. 2022ರಲ್ಲಿ ನಿವೃತ್ತರಾದಾಗ ಸಾವಿರಕ್ಕೂ ಹೆಚ್ಚು ಗೆಲುವು. ಸಂಸಾರ ಮತ್ತು ಈ ಕೆಲಸ ಒಟ್ಟಿಗೆ ಸಾಗುತ್ತವೆಯೇ ಎಂದು ಕೇಳಿದಿರಿ. ಸಾಗಿಸಿದವರಿದ್ದಾರೆ, ಆದರೆ ಯಾರೂ ಒಬ್ಬರೇ ಸಾಗಿಸಿಲ್ಲ. ಸ್ಟ್ರಿಂಗರ್ ಅವರ ಮಕ್ಕಳನ್ನು ನೋಡಿಕೊಳ್ಳಲು ಬಂಧುಗಳಿದ್ದರು, ಸಹಾಯಕ ಕೋಚ್‌ಗಳಿದ್ದರು. ಮುಂದೆ ನಿಮ್ಮ ಮಗಳಿಗೆ ಮಗುವಾದಾಗ ಮಾರ್ಚ್ ತಿಂಗಳಲ್ಲಿ ಬಂದು ಇರಬಲ್ಲ ಅಜ್ಜಿ ನೀವಾಗಬಹುದು.

ಭದ್ರತೆಗೆ ಕೆಲಿ ಹಾರ್ಪರ್ ಅವರನ್ನು ನೋಡಿ. ಸಮಿಟ್ ಕೈಕೆಳಗೆ ಆಡಿ 1996, 97, 98ರ ಮೂರು ಪ್ರಶಸ್ತಿ ಗೆದ್ದವರು. 2004ರಲ್ಲಿ ವೆಸ್ಟರ್ನ್ ಕೆರೊಲಿನಾದಲ್ಲಿ ಮುಖ್ಯ ಕೋಚ್. ಅಲ್ಲಿ ಚೆನ್ನಾಗಿ ಮಾಡಿದ್ದರಿಂದ 2009ರಲ್ಲಿ ನಿಮ್ಮದೇ ರಾಜ್ಯದ ಎನ್‌ಸಿ ಸ್ಟೇಟ್ ಕರೆಯಿತು. 2013ರಲ್ಲಿ ಅದೇ ಸಂಸ್ಥೆ ಕೆಲಸದಿಂದ ತೆಗೆಯಿತು. ಮಿಸೌರಿ ಸ್ಟೇಟ್‌ಗೆ ಹೋಗಿ ಮತ್ತೆ ಕಟ್ಟಿದರು. 2019ರಲ್ಲಿ ಟೆನ್ನೆಸ್ಸೀ, ಗುರುವಿನ ಜಾಗ. ಐದು ವರ್ಷ ಆದ ಮೇಲೆ 2024ರ ಏಪ್ರಿಲ್‌ನಲ್ಲಿ ಅಲ್ಲಿಂದಲೂ ತೆಗೆದರು. ಒಂದು ವರ್ಷ ಟಿವಿಯಲ್ಲಿ ಪಂದ್ಯಗಳ ವಿಶ್ಲೇಷಣೆ. 2025ರಲ್ಲಿ ಮಿಸೌರಿ ವಿಶ್ವವಿದ್ಯಾಲಯದ ಕೋಚ್. ಅವರ ಗಂಡ ಜಾನ್ ಸಹಾಯಕ ಕೋಚ್ ಆಗಿ ಅವರದೇ ತಂಡದಲ್ಲಿ ಕೆಲಸ ಮಾಡಿದವರು, ಆದ್ದರಿಂದ ಒಂದೊಂದು ಬಾರಿಯೂ ಮನೆಯ ಎರಡೂ ಸಂಬಳ ಒಟ್ಟಿಗೆ ಅಲುಗಾಡಿದವು. ಇದು ಸೋತವರ ಕಥೆಯಲ್ಲ, ಯಶಸ್ವಿ ಕೋಚ್ ಒಬ್ಬರ ಸಾಧಾರಣ ವೃತ್ತಿಜೀವನ. ಮುಖ್ಯ ಕೋಚ್‌ಗೆ ಒಪ್ಪಂದವಿರುತ್ತದೆ, ಅವಧಿಗೆ ಮುಂಚೆ ತೆಗೆದರೆ ಪರಿಹಾರ ಸಿಗುತ್ತದೆ. ಸಹಾಯಕರಿಗೆ ಅದು ಅಪರೂಪ. ಮೇಲಿನವರು ಹೋದರೆ ಸಹಾಯಕರೂ ಪೆಟ್ಟಿಗೆ ಕಟ್ಟಬೇಕು.

ಸಂಬಳದ ಅಂತರವೂ ಭೂಮಿ ಆಕಾಶ. ಸೌತ್ ಕೆರೊಲಿನಾ ವಿಶ್ವವಿದ್ಯಾಲಯದ ಮಹಿಳಾ ತಂಡದ ಕೋಚ್ ಡಾನ್ ಸ್ಟೇಲಿ 2025ರಲ್ಲಿ ಸಹಿ ಮಾಡಿದ ಒಪ್ಪಂದ ವರ್ಷಕ್ಕೆ 40 ಲಕ್ಷ ಡಾಲರಿನದು. ಸಮಿಟ್ ಹತ್ತು ಲಕ್ಷ ಡಾಲರ್ ದಾಟಿದ್ದು 2006ರಲ್ಲಿ, ತಿಂಗಳಿಗೆ 250 ಡಾಲರಿನಿಂದ ಹೊರಟ 32 ವರ್ಷಗಳ ಮೇಲೆ. ಮೂರನೆಯ ದರ್ಜೆಯ ಕಾಲೇಜಿನ ಸಹಾಯಕ ಕೋಚ್ ಶಾಲಾ ಶಿಕ್ಷಕರಿಗಿಂತ ಕಡಿಮೆ ಗಳಿಸುವುದೂ ಉಂಟು, ಜೊತೆಗೆ ಇನ್ನೊಂದು ಕಚೇರಿ ಕೆಲಸವನ್ನೂ ಮಾಡಬೇಕಾದೀತು. ಈ ಆಟದಲ್ಲಿ ಹಣ ಹೆಚ್ಚುತ್ತಿದೆ ಎಂಬುದು ನಿಜ. 2024ರ ಸೌತ್ ಕೆರೊಲಿನಾ ಮತ್ತು ಅಯೋವಾ ಫೈನಲನ್ನು 1 ಕೋಟಿ 80 ಲಕ್ಷಕ್ಕೂ ಹೆಚ್ಚು ಜನ ಟಿವಿಯಲ್ಲಿ ನೋಡಿದರು, ಪುರುಷರ ಫೈನಲ್‌ಗಿಂತ ಹೆಚ್ಚು. ಹಾಗಾದದ್ದು ಅದೇ ಮೊದಲು. ಮೂರೇ ವರ್ಷ ಹಿಂದೆ ಅದೇ ಟೂರ್ನಿಯಲ್ಲಿ ಹುಡುಗಿಯರ ವ್ಯಾಯಾಮಕ್ಕೆ ಇಟ್ಟದ್ದು ಒಂದು ಗೂಡು ಡಂಬೆಲ್ಸ್. ಆಟಗಾರ್ತಿಯೊಬ್ಬಳು ವಿಡಿಯೊ ಹಾಕಿದ ಮೇಲೆ ದೇಶವೇ ನಾಚಿತು. ಆದರೆ ಮಗಳ ಮೊದಲ ಐದು ವರ್ಷಕ್ಕೆ ಈ ಹಣ ತಲುಪುವುದಿಲ್ಲ.

ಇನ್ನು ನಾನು ಎಲ್ಲಕ್ಕಿಂತ ಒತ್ತಿ ಹೇಳಬೇಕಾದದ್ದು. ಈ ವೃತ್ತಿಗೆ ಬಾಗಿಲು ತೆರೆಯುವ ಪ್ರಮಾಣಪತ್ರವಿಲ್ಲ, ಅದು ವ್ಯಕ್ತಿಯಿಂದ ವ್ಯಕ್ತಿಗೆ ಸಾಗುತ್ತದೆ. ಸಮಿಟ್ ತಂಡದಲ್ಲಿ ಆಡಿದ ಹಾಲಿ ವಾರ್ಲಿಕ್ ಮುಂದೆ 27 ವರ್ಷ ಅವರ ಪಕ್ಕದಲ್ಲೇ ಸಹಾಯಕಿಯಾಗಿ ಕೂತರು. 2011ರ ಆಗಸ್ಟ್‌ನಲ್ಲಿ, 59ನೆಯ ವಯಸ್ಸಿಗೆ, ತಮಗೆ ಆಲ್ಜೈಮರ್ ಕಾಯಿಲೆ ಶುರುವಾಗಿದೆ ಎಂದು ಸಮಿಟ್ ಲೋಕಕ್ಕೆ ತಿಳಿಸಿ ಇನ್ನೊಂದು ಋತು ಕೋಚ್ ಆಗಿದ್ದಾಗ, ಅಂಕಣದ ಪಕ್ಕ ನಿಂತು ಹೆಚ್ಚಿನ ಹೊಣೆ ಹೊತ್ತವರು ವಾರ್ಲಿಕ್. 2012ರಲ್ಲಿ ಅಧಿಕಾರ ಅವರಿಗೇ ಬಂತು. 2016ರಲ್ಲಿ ಸಮಿಟ್ ತೀರಿಕೊಂಡಾಗ ಅವರ ಶಿಷ್ಯೆಯರೂ ಸಹಾಯಕರೂ ಸೇರಿ ಎಪ್ಪತ್ತಕ್ಕೂ ಹೆಚ್ಚು ಮಂದಿ ಕೋಚ್ ವೃತ್ತಿಗೆ ಬಂದಿದ್ದರು. ಅವರಲ್ಲಿ ಕೆರೊಲಿನ್ ಪೆಕ್ ಒಬ್ಬರು. ಸಮಿಟ್ ಬಳಿ ಎರಡು ವರ್ಷ ಸಹಾಯಕಿಯಾಗಿದ್ದು, 1999ರಲ್ಲಿ ಪರ್ಡ್ಯೂ ತಂಡದ ಕೋಚ್ ಆಗಿ ಪ್ರಶಸ್ತಿ ಗೆದ್ದರು. ಆ ಪ್ರಶಸ್ತಿ ಗೆದ್ದ ಮೊದಲ ಕಪ್ಪು ಮಹಿಳಾ ಕೋಚ್ ಅವರು. ಗೆದ್ದ ತಂಡ ಬುಟ್ಟಿಯ ಬಲೆಯನ್ನು ಕತ್ತರಿಸಿಕೊಳ್ಳುವುದು ಅಲ್ಲಿನ ವಾಡಿಕೆ. ಪೆಕ್ ಆ ಬಲೆಯ ಒಂದು ತುಂಡನ್ನು ಮುಂದೊಮ್ಮೆ ಡಾನ್ ಸ್ಟೇಲಿ ಅವರ ಕೈಗಿಟ್ಟು, ನೀನು ಗೆದ್ದಾಗ ಹಿಂದಿರುಗಿಸು ಎಂದರು. ಸ್ಟೇಲಿ ಅದನ್ನು ಜೋಪಾನ ಮಾಡಿದರು. 2017ರಲ್ಲಿ ಗೆದ್ದ ಮೇಲೆ ತಮ್ಮ ಬಲೆಯನ್ನು ತುಂಡು ತುಂಡು ಮಾಡಿ ದೇಶದ ಕಪ್ಪು ಮಹಿಳಾ ಕೋಚ್‌ಗಳಿಗೆಲ್ಲ ಕಳಿಸಿದರು.

ಆದ್ದರಿಂದ ಮಗಳು ಯಾವ ಕಾಲೇಜಿಗೆ ಹೋಗುತ್ತಾಳೆ ಎಂಬುದಕ್ಕಿಂತ ಯಾರ ಕೈಕೆಳಗೆ ಹೋಗುತ್ತಾಳೆ ಎಂಬುದನ್ನು ನೋಡಿ. ಸಂದರ್ಶನದಲ್ಲಿ ಅವಳೂ ಪ್ರಶ್ನೆ ಕೇಳಬೇಕು: ನಿಮ್ಮ ಬಳಿ ಕೆಲಸ ಮಾಡಿದವರು ಈಗ ಎಲ್ಲಿದ್ದಾರೆ? ಅವರಲ್ಲಿ ಎಷ್ಟು ಜನ ಮುಖ್ಯ ಕೋಚ್ ಆದರು? ನಿಮ್ಮ ತಂಡದ ಹುಡುಗಿಯರೆಲ್ಲ ಪದವಿ ಮುಗಿಸುತ್ತಾರೆಯೇ? ಸಿಬ್ಬಂದಿಯಲ್ಲಿ ಚಿಕ್ಕ ಮಕ್ಕಳ ತಾಯಂದಿರಿದ್ದಾರೆಯೇ? ಕೊನೆಯ ಪ್ರಶ್ನೆಗೆ ತಡವರಿಸುವ ಕೋಚ್ ಎಷ್ಟೇ ಪ್ರಸಿದ್ಧರಾದರೂ ಬೇಡ. ಅಭ್ಯಾಸ ನೋಡಲು ಬಿಡುವಿರಾ ಎಂದೂ ಕೇಳಲಿ, ಒಂದು ಅಭ್ಯಾಸ ನೋಡಿದರೆ ಆ ಕೋಚ್ ಹುಡುಗಿಯರನ್ನು ಹೇಗೆ ಕಾಣುತ್ತಾರೆ ಎಂಬುದು ತಾನೇ ತಿಳಿಯುತ್ತದೆ.

ಹೇಗೆ ಶುರು ಮಾಡಬೇಕೆಂದು ಹೇಳಿ ಮುಗಿಸುತ್ತೇನೆ. ಕೋಚ್‌ಗಳ ಬದಲಾವಣೆ ಮಾರ್ಚ್‌ನಲ್ಲಿ ಶುರುವಾಗಿ ಮೇವರೆಗೆ ನಡೆಯುತ್ತದೆ. ಏಪ್ರಿಲ್ ಆರಂಭದಲ್ಲಿ, ಕೊನೆಯ ನಾಲ್ಕು ತಂಡಗಳ ಪಂದ್ಯ ನಡೆಯುವ ಊರಲ್ಲೇ, ಮಹಿಳಾ ಬ್ಯಾಸ್ಕೆಟ್‌ಬಾಲ್ ಕೋಚ್‌ಗಳ ಸಂಘವಾದ ಡಬ್ಲ್ಯುಬಿಸಿಎ ತನ್ನ ಸಮಾವೇಶ ನಡೆಸುತ್ತದೆ. ಈ ವೃತ್ತಿಗೆ ಬರಬಯಸುವ, ಆಟದ ಅವಧಿ ಮುಗಿಸಿದ ಹುಡುಗಿಯರಿಗಾಗಿಯೇ ಅಲ್ಲಿ ಒಂದು ತರಬೇತಿ ಶಿಬಿರವಿದೆ. ಅದಕ್ಕೆ ಅವಳ ಈಗಿನ ಕೋಚ್ ಶಿಫಾರಸು ಬೇಕು, ಇವತ್ತೇ ಕೇಳಲಿ. ಜೂನ್ ಜುಲೈನಲ್ಲಿ ಎರಡು ಮೂರು ವಿಶ್ವವಿದ್ಯಾಲಯಗಳ ಬೇಸಗೆ ಶಿಬಿರಗಳಲ್ಲಿ ಕೆಲಸ ಮಾಡಲಿ, ಸಂಬಳ ನೋಡದೆ. ಪಂದ್ಯಗಳ ವಿಡಿಯೊ ವಿಶ್ಲೇಷಿಸುವ ತಂತ್ರಾಂಶವನ್ನು ಈಗಲೇ ಕಲಿಯಲಿ, ಅದು ಬಂದರೆ ಕೆಲಸ ಬೇಗ ಸಿಗುತ್ತದೆ. ಗ್ರಾಜುಯೇಟ್ ಅಸಿಸ್ಟೆಂಟ್ ಹುದ್ದೆ ಹುಡುಕುವಾಗ ಆಪ್ತಸಮಾಲೋಚನೆಯ ಸ್ನಾತಕೋತ್ತರ ಪದವಿ ಇರುವ ಕಾಲೇಜನ್ನೇ ಆರಿಸಿಕೊಂಡರೆ ನಿಮ್ಮಿಬ್ಬರ ಆಸೆಯೂ ಎರಡು ವರ್ಷ ಒಂದೇ ಹಾದಿಯಲ್ಲಿ ಸಾಗುತ್ತದೆ. ಆ ಕೋರ್ಸಿನ ಕಡ್ಡಾಯ ಪ್ರಾಯೋಗಿಕ ತರಬೇತಿ ಪಂದ್ಯಗಳ ಋತುವಿಗೆ ಅಡ್ಡಬರುತ್ತದೆಯೇ ಎಂದು ಮಾತ್ರ ಸೇರುವ ಮೊದಲೇ ವಿಭಾಗದ ಮುಖ್ಯಸ್ಥರನ್ನು ಕೇಳಿ ತಿಳಿದುಕೊಳ್ಳಲಿ. ಐದು ವರ್ಷ ಕಳೆದರೂ ಪೂರ್ಣ ಸಂಬಳದ ಸಹಾಯಕ ಕೋಚ್ ಹುದ್ದೆ ಸಿಗದಿದ್ದರೆ ಮುಂದಿನದನ್ನು ಕೂತು ಮಾತಾಡೋಣ ಎಂದು ಈಗಲೇ ಅವಳೊಂದಿಗೆ ಒಪ್ಪಂದ ಮಾಡಿಕೊಳ್ಳಿ. ಆ ಐದು ವರ್ಷ ಮನೆಯಲ್ಲಿ ಈ ಚರ್ಚೆ ಮತ್ತೆ ಎತ್ತಬೇಡಿ.